ಬೀಗಕ್ಕೆ ಚುಚ್ಚಿದ ನಿಂಬೆಹಣ್ಣು

ಮನೆಯಲ್ಲಿ ನಾವು ಅದನ್ನು ‘ಬೀಗ’ ಎನ್ನುತ್ತಿದ್ದೆವು. ತಪ್ಪು ಶುರುವಾದದ್ದೇ ಅಲ್ಲಿಂದ. ಬೆಂಕಿಪೊಟ್ಟಣದಷ್ಟು ದೊಡ್ಡ ಬೂದುಬಣ್ಣದ ಪ್ಲಾಸ್ಟಿಕ್ ತುಂಡು, ಅದರ ಒಂದು ಬದಿಗೆ ಸಾಲಾಗಿ ಸಣ್ಣ ಕಡ್ಡಿಗಳು. ಕಂಪ್ಯೂಟರಿನ ಬೆನ್ನಿಗೆ, ಹಳೇ ಕಾಲದ ಪ್ರಿಂಟರ್ ಸಿಕ್ಕಿಸುವ ಜಾಗದಲ್ಲಿ ಅದನ್ನು ಚುಚ್ಚಿದ್ದರೆ ಮಾತ್ರ ಸೀರೆಯ ಡಿಸೈನ್ ಬಿಡಿಸುವ ಸಾಫ್ಟ್‌ವೇರ್ ತೆರೆಯುತ್ತಿತ್ತು. ಮಾರಿದವರು ಇದಕ್ಕೆ ಡಾಂಗಲ್ ಎಂದು ಹೇಳಿಕೊಟ್ಟಿದ್ದರು. ಆ ಹೆಸರು ನಮ್ಮ ಅತ್ತೆಯ ನಾಲಿಗೆಗೆ ಒಗ್ಗಲಿಲ್ಲ. ಇದಿಲ್ಲದಿದ್ದರೆ ಕಂಪ್ಯೂಟರ್ ಬಾಗಿಲು ತೆಗೆಯುವುದಿಲ್ಲ ಎಂದು ನಾನು ವಿವರಿಸಿದಾಗ, ‘ಹಂಗಾದ್ರೆ ಬೀಗ ಅನ್ನು’ ಎಂದರು. ಅಂದಿನಿಂದ ನನ್ನ ಬಾಯಲ್ಲೂ ಬೀಗವೇ ಆಯಿತು.

ಹೋದ ವರ್ಷದ ಆಯುಧಪೂಜೆ. ಮೊಳಕಾಲ್ಮೂರಿನ ನೇಕಾರರ ಓಣಿಯಲ್ಲಿ ಆ ದಿನ ಮಗ್ಗದ ಸದ್ದಿರುವುದಿಲ್ಲ. ಲಾಳಿ, ಕತ್ತರಿ, ರಾಟೆ ಎಲ್ಲಕ್ಕೂ ಕುಂಕುಮ. ನಾನು ನೇಯುವವಳಲ್ಲ, ನೇಕಾರರಿಗೆ ಅಂಚು, ಸೆರಗು, ಬುಟ್ಟಾಗಳ ಡಿಸೈನ್ ಬಿಡಿಸಿಕೊಡುವವಳು. ಹಾಗಾಗಿ ನನ್ನ ಆಯುಧ ಕಂಪ್ಯೂಟರು. ನಾನು ಹೂವು ತರಲು ಹೋಗಿ ಬರುವಷ್ಟರಲ್ಲಿ ಅತ್ತೆ ಮನೆಯ ಬೀಗಗಳನ್ನೆಲ್ಲ ಒಟ್ಟುಮಾಡಿ ಅರಿಶಿನದ ನೀರಲ್ಲಿ ತೊಳೆದಿದ್ದರು. ಬೀರುವಿನ ಬೀಗ, ತಲೆಬಾಗಿಲ ಬೀಗ, ಅದರ ಜೊತೆಗೆ ಕಂಪ್ಯೂಟರಿನ ಬೀಗ. ಕೊನೆಯದು ಮಣೆಯ ಮೇಲೆ ನೆಟ್ಟಗೆ ನಿಲ್ಲಲಿಲ್ಲವಂತೆ. ಅದರ ಕಡ್ಡಿಗಳನ್ನು ಅರ್ಧ ನಿಂಬೆಹಣ್ಣಿಗೆ ಚುಚ್ಚಿ ನಿಲ್ಲಿಸಿ, ಮೇಲೆ ಸೇವಂತಿಗೆ ಏರಿಸಿಬಿಟ್ಟರು. ಹೂವಿನ ರಾಶಿಯೊಳಗೆ ಏನಿದೆ ಎಂದು ನಾನು ನೋಡಲಿಲ್ಲ. ಪೂಜೆಗಿಟ್ಟ ಆಯುಧವನ್ನು ಮರುದಿನದವರೆಗೆ ಕದಲಿಸುವಂತಿಲ್ಲ, ಆದ್ದರಿಂದ ಅದು ರಾತ್ರಿಯಿಡೀ ಹುಳಿ ಕುಡಿಯುತ್ತ ಅಲ್ಲೇ ನಿಂತಿತ್ತು.

ಮಾರನೆ ದಿನ ಅತ್ತೆಯೇ ಒರೆಸಿ ಇದ್ದಲ್ಲಿಗೆ ಸಿಕ್ಕಿಸಿದ್ದರು. ನಾನು ಸ್ವಿಚ್ ಒತ್ತಿದೆ. ಸುಟ್ಟ ವಾಸನೆ ಬಂತು. ಕಿತ್ತು ನೋಡಿದರೆ ಕಡ್ಡಿಗಳ ಬುಡದಲ್ಲಿ ಹಸಿರು ಕಿಲುಬು, ಒಳಗಿನಿಂದ ಒಸರುವ ಹಳದಿ ನೀರು. ಸಂಸಾರದಲ್ಲಿ ಹುಳಿ ಹಿಂಡುವವರನ್ನು ಕಂಡಿದ್ದೆ, ಸಾಫ್ಟ್‌ವೇರಿಗೆ ಹಿಂಡಿದ್ದನ್ನು ಅಂದೇ ಕಂಡದ್ದು.

‘ಬೀಗ ಅಂತ ನೀನೇ ಅಂತಿದ್ದೆ’ ಎಂದರು ಅತ್ತೆ. ‘ಬೀಗಕ್ಕೆ ಪೂಜೆ ಮಾಡೋದು ತಪ್ಪಾ?’

ಅವರ ಮೇಲೆ ರೇಗಿ ಪ್ರಯೋಜನವಿರಲಿಲ್ಲ. ಅವರು ದೇವರಿಗೆ ಕೊಟ್ಟ ನಿಂಬೆಹಣ್ಣದು. ನಾನು ನಿಜಕ್ಕೂ ರೇಗಿದ್ದು ಆಮೇಲೆ, ಬೇರೆಯವರ ಮೇಲೆ.

ಅದೇ ವಾರ ನಮ್ಮ ಓಣಿಯ ಹಿರಿಯ ನೇಕಾರರೊಬ್ಬರು ಬಂದರು. ನಾನು ಅವರನ್ನು ಮಾಮ ಎನ್ನುತ್ತೇನೆ, ಅವರು ನನ್ನನ್ನು ಅಮ್ಮಾಯಿ ಎನ್ನುತ್ತಾರೆ. ಮನೆಯೊಳಗೆ ಅವರದೂ ನಮ್ಮದೂ ತೆಲುಗು, ಬೀದಿಗೆ ಬಂದರೆ ಎರಡೂ ಕಲಸಿದ ಮಾತು.

‘ಅಮ್ಮಾಯಿ, ಕಾರ್ಡೆಲ್ಲ ಚೆದಲು ತಿಂದೈತೆ’ ಎಂದು ಗೋಣಿಚೀಲ ಬಿಚ್ಚಿದರು. ಮಗ್ಗದ ಮೇಲಿರುವ ಜಕಾರ್ಡ್ ಪೆಟ್ಟಿಗೆಗೆ ಪೋಣಿಸುವ ರಟ್ಟಿನ ಕಾರ್ಡುಗಳವು. ಯಾವ ನೂಲು ಏಳಬೇಕು, ಯಾವುದು ಇಳಿದಿರಬೇಕು ಎಂಬುದನ್ನು ಆ ಕಾರ್ಡಿನ ತೂತುಗಳೇ ಮಗ್ಗಕ್ಕೆ ಹೇಳುವುದು. ಚೀಲದ ತುಂಬ ಗೆದ್ದಲು ಮಣ್ಣು. ರಟ್ಟನ್ನು ಎತ್ತಿದರೆ ಕೈಯಲ್ಲೇ ಉದುರಿತು.

‘ನಮ್ಮವ್ವನ ಅಂಚು. ನಿನ್ನ ಡಬ್ಬಿಯಾಗೆ ಐತಲ್ಲ, ಇನ್ನೊಂದು ಸೆಟ್ಟು ಹೊಡ್ಕೊಡು.’

ಆ ಅಂಚು ನನಗೆ ಚೆನ್ನಾಗಿ ನೆನಪಿದೆ. ಸಾಲು ಹಂಸಗಳು, ಪ್ರತಿ ಹಂಸದ ಕೊಕ್ಕಿನಲ್ಲೂ ಎರಡೆಲೆಯ ಚಿಗುರು. ನಾನು ಈ ಕೆಲಸಕ್ಕೆ ಹೊಸಬಳಾಗಿದ್ದಾಗ ಅವರ ತಾಯಿ ತಮ್ಮ ಮದುವೆಯ ಸೀರೆಯನ್ನು ನನ್ನ ತೊಡೆಯ ಮೇಲೆ ಹರವಿ, ಪಕ್ಕದಲ್ಲಿ ಕುಳಿತು ನೂಲು ಎಣಿಸಿಕೊಟ್ಟಿದ್ದರು. ಅವರು ಹೇಳಿದಂತೆ ನಾನು ಪರದೆಯ ಮೇಲೆ ಚುಕ್ಕಿ ಇಡುತ್ತ ಹೋದೆ. ಒಂದು ಚುಕ್ಕಿ ಎಂದರೆ ಒಂದು ನೂಲು. ಅಜ್ಜಿ ತೀರಿಕೊಂಡಾಗ ಅದೇ ಸೀರೆ ಹೊದಿಸಿ ಬೆಂಕಿಗೆ ಕೊಟ್ಟರು. ಮಾಮ ನೇಯ್ದದ್ದೆಲ್ಲ ಅಂಗಡಿ ಸೇರಿ ಯಾರ ಯಾರದೋ ಬೀರುವಿಗೆ ಹೋಯಿತು. ಫೋಟೋ ಇತ್ತು, ಆದರೆ ಮದುವೆ ಫೋಟೋದಲ್ಲಿ ನೂಲು ಎಣಿಸಲಾಗುತ್ತದೆಯೇ? ಅಂಚು ಉಳಿದದ್ದು ಎರಡೇ ಕಡೆ. ಒಂದನ್ನು ಗೆದ್ದಲು ತಿಂದಿತ್ತು. ಇನ್ನೊಂದು ನನ್ನ ಕಂಪ್ಯೂಟರಿನಲ್ಲಿ, ಸತ್ತ ಬೀಗದ ಹಿಂದೆ.

ನಾನು ನಡೆದದ್ದನ್ನು ಹೇಳಿದೆ. ಅವರು ಬಹಳ ಹೊತ್ತು ಗೋಣಿಚೀಲದ ಬಾಯಿ ಕಟ್ಟುತ್ತಲೇ ಇದ್ದರು.

‘ಬ್ಯಾರೆ ಅಂಚು ಹಾಕ್ಕೊಳ್ಳಿ ಮಾಮ, ಸದ್ಯಕ್ಕೆ’ ಎಂದೆ.

‘ಬ್ಯಾರೆದು ಎಲ್ರೂ ನೇಯ್ತಾರೆ. ನನ್ನ ಹತ್ರ ಜನ ಬರೋದೇ ಇದಕ್ಕೆ. ಇದಿಲ್ಲ ಅಂದ್ರೆ ಕುಣಿಯಾಗ ಕಾಲು ಬಿಟ್ಕೊಂಡು ಯಾಕೆ ಕೂಡ್ಲಿ? ಕಾರ್ಡು ಹೋಗಿದ್ದು ನೋಡಿ ಅಳಿಯ ಕುದಾಪುರದ ಕಡೆ ಒಂದು ಕ್ಯಾಂಪಸ್ಸಿನ ಗೇಟು ಕಾಯಾಕೆ ಹೇಳಿಟ್ಟವ್ನೆ. ಅಂಗಿನೂ ಹೊಲಿಸಿ ಆಗೈತೆ. ಸಂಕ್ರಾಂತಿ ಆದ್ಮ್ಯಾಲೆ ಹೋಗ್ತೀನಿ.’

ಮಗ್ಗದ ಕುಣಿಯಲ್ಲಿ ಬದುಕು ಕಳೆದ ಕಾಲುಗಳು ಗೇಟಿನ ಮುಂದೆ ನಿಲ್ಲಲು ಹೊರಟಿದ್ದವು. ನಾನು ಅಂದೇ ಫೋನು ಹಿಡಿದೆ.

ಸಾಫ್ಟ್‌ವೇರ್ ಮಾಡಿದ ಕಂಪನಿ ಎಂದೋ ಬಾಗಿಲು ಮುಚ್ಚಿ, ಅದರ ಹಕ್ಕುಗಳು ಮತ್ತೊಂದು ಕಂಪನಿಯ ಕೈಸೇರಿದ್ದವು. ಆ ಕಂಪನಿಯ ಫೋನು ಮೊದಲು ಹಾಡು ಕೇಳಿಸಿತು, ಆಮೇಲೆ ಒಂದು ಒತ್ತಿ ಎರಡು ಒತ್ತಿ ಎಂದಿತು, ಕೊನೆಗೆ ಒಬ್ಬ ಹುಡುಗಿಯನ್ನು ಕೊಟ್ಟಿತು.

‘ಮೇಡಂ, ಆ ಪ್ರಾಡಕ್ಟ್ ಎಂಡ್ ಆಫ್ ಲೈಫ್ ಆಗಿದೆ’ ಎಂದಳು.

‘ಅಂದ್ರೆ?’

‘ಸತ್ತು ಹೋಗಿದೆ ಅಂತ.’

‘ಸತ್ತವನ ಮನೆ ಕೀಲಿ ನೀವ್ಯಾಕೆ ಸೊಂಟಕ್ಕೆ ಸಿಕ್ಕಿಸ್ಕೊಂಡಿದ್ದೀರಿ? ಕೊಟ್ಬಿಡ್ರಿ. ನಾನು ಅಂದು ಪೂರಾ ದುಡ್ಡು ಕೊಟ್ಟು ತಗೊಂಡೀನಿ, ಬಿಲ್ಲೂ ಐತೆ.’

ಅದಕ್ಕೆ ಅವಕಾಶವಿಲ್ಲವಂತೆ. ಹೊಸ ಸಾಫ್ಟ್‌ವೇರ್ ಇದೆ, ವರ್ಷ ವರ್ಷವೂ ಬಾಡಿಗೆ ಕಟ್ಟಬೇಕು. ಹಳೆಯ ಫೈಲುಗಳು ಅದರಲ್ಲಿ ತೆರೆಯುವುದು ಅನುಮಾನ. ಒಂದನ್ನು ಕಳಿಸಿಕೊಡಿ, ಪರೀಕ್ಷೆ ಮಾಡುತ್ತೇವೆ ಎಂದಳು. ಮುಳುಗುವವಳಿಗೆ ಹುಲ್ಲುಕಡ್ಡಿ. ನಾನು ಹಂಸದ ಅಂಚಿನ ಫೈಲನ್ನೇ ಕಳಿಸಿದೆ. ಕೆಲವು ದಿನ ಬಿಟ್ಟು ಒಂದು ಸಾಲಿನ ಉತ್ತರ ಬಂತು. ಫೈಲು ತೆರೆಯುವುದಿಲ್ಲ, ವಿಷಾದಿಸುತ್ತೇವೆ. ಕೆಳಗೆ ಹೊಸ ಸಾಫ್ಟ್‌ವೇರಿನ ಬಣ್ಣ ಬಣ್ಣದ ಜಾಹೀರಾತು.

ಅಲ್ಲಿಂದ ನನ್ನ ಬಸ್ ಪ್ರಯಾಣ ಶುರುವಾಯಿತು. ಚಳ್ಳಕೆರೆಯಲ್ಲಿ ಎಣ್ಣೆ ಮಿಲ್ಲುಗಳ ಹಿಂದಿನ ರಸ್ತೆಯಲ್ಲಿ ಒಬ್ಬ ರಿಪೇರಿಯವನಿದ್ದಾನೆ. ನನ್ನಿವಾಳದ ದನಗಾಹಿಗಳ ಮನೆಯವನು, ನಡುವಯಸ್ಸು, ಸದಾ ಬಾಯಲ್ಲಿ ಗುಟ್ಕಾ. ಅವನ ಅಂಗಡಿಯ ಮೂಲೆಯಲ್ಲಿ ಬಿಚ್ಚಿಟ್ಟ ಕಂಪ್ಯೂಟರ್ ಡಬ್ಬಿಯೊಂದೇ ಅವನ ಪೀಕದಾನಿ. ನಾನು ಕರವಸ್ತ್ರ ಮೂಗಿಗೆ ಹಿಡಿದು ಕುಳಿತೆ. ಅವನು ಬೀಗವನ್ನು ಬಿಚ್ಚಿ, ಮೂಸಿ, ‘ಅಕ್ಕಾ, ಉಪ್ಪಿನಕಾಯಿ ಹಾಕೀರಾ?’ ಎಂದ. ಒಳಗಿನ ಚಿಪ್ ಸುಟ್ಟಿತ್ತು. ಅಂಥದ್ದು ಈಗ ಎಲ್ಲೂ ಸಿಗುವುದಿಲ್ಲ.

‘ಒಂದು ದಾರಿ ಐತೆ’ ಎಂದ. ‘ಕಂಪನಿಗಳು ಕೈಬಿಟ್ಟ ಹಳೇ ಸಾಫ್ಟ್‌ವೇರ್‌ನೆಲ್ಲ ಕೂಡಿಡೋ ಸೈಟುಗಳು ಇದಾವೆ. ಅಬ್ಯಾಂಡನ್‌ವೇರ್ ಅಂತಾರೆ.’

‘ಬೀಡಾಡಿ ದನ ಅನ್ನು’ ಎಂದೆ.

ಅವನಿಗೆ ಅದು ಹಿಡಿಸಲಿಲ್ಲ. ‘ಬೀಡಾಡಿ ಅಂದ್ರೆ ಕಂಡವರ ಹೊಲ ಮೇಯೋದು. ಇವು ನಮ್ಮ ಕಡೆ ದೇವರೆತ್ತು ಇದ್ದಂಗೆ. ಯಾರೂ ಹೂಡಂಗಿಲ್ಲ, ಯಾರೂ ಮಾರಂಗಿಲ್ಲ. ಆದ್ರೆ ನೋಡ್ಕೊಳ್ಳಾಕೆ ಒಬ್ಬ ಕಿಲಾರಿ ಇರ್ತಾನೆ, ಊರೋರೆಲ್ಲ ಮೇವು ಹಾಕ್ತಾರೆ. ನಮ್ಮ ದೊಡ್ಡಪ್ಪ ಕಿಲಾರಿನೇ.’

ಮಾತು ಚೆನ್ನಾಗಿತ್ತು. ಆದರೆ ಆ ದೇವರೆತ್ತಿನ ರೊಪ್ಪಕ್ಕೆ ಹೋಗುವ ದಾರಿಯೆಲ್ಲ ಸಗಣಿ. ಮೊದಲ ಸೈಟು ತೆರೆದರೆ ಇಸ್ಪೀಟು ಜೂಜು. ಮುಚ್ಚಿದರೆ ಬಟ್ಟೆಯಿಲ್ಲದ ಹೆಂಗಸರು. ಅದನ್ನು ಮುಚ್ಚಿದರೆ ನಿಮ್ಮ ಕಂಪ್ಯೂಟರಿಗೆ ರೋಗ ಬಂದಿದೆ ಎಂದು ಕಿರುಚುವ ಕೆಂಪು ಪರದೆ. ಹೆಂಗಸೊಬ್ಬಳು ಪಕ್ಕದಲ್ಲಿ ಕೂತಿದ್ದಾಳೆಂದು ರಿಪೇರಿಯವನು ಮುಜುಗರದಿಂದ ಪರದೆಯನ್ನು ಅಂಗೈಯಲ್ಲಿ ಮುಚ್ಚುತ್ತಿದ್ದ. ಎರಡನೆಯ ಸೈಟಿನಿಂದ ಇಳಿಸಿದ ಫೈಲು ಸಾಫ್ಟ್‌ವೇರೇ ಅಲ್ಲ, ಅವನ ಯಂತ್ರವನ್ನೇ ಕಟ್ಟಿಹಾಕಿ ಬಿಡಿಸಲು ಹಣ ಕೇಳಿತು. ಅವನು ಎಲ್ಲವನ್ನೂ ಅಳಿಸಿ ಹೊಸದಾಗಿ ಹಾಕಬೇಕಾಯಿತು. ನನಗೆ ಮೈ ತೊಳೆದುಕೊಳ್ಳಬೇಕು ಅನ್ನಿಸುತ್ತಿತ್ತು. ನೇಕಾರ ಅಜ್ಜಿಯ ಹಂಸಗಳನ್ನು ಹುಡುಕಲು ಇಂಥ ಚರಂಡಿಗೆ ಇಳಿಯಬೇಕಾಗಿ ಬಂತಲ್ಲ ಎಂದು ಸಿಟ್ಟು ಬಂತು.

ಮುಂದಿನ ಸಲ ಹೋದಾಗ ಒಂದು ಜಾಹೀರಾತೂ ಇಲ್ಲದ ಬರಿಯ ಪುಟವನ್ನು ಅವನು ಹುಡುಕಿಟ್ಟಿದ್ದ. ಯಾವ ದೇಶದವರೋ ಗೊತ್ತಿಲ್ಲ, ಯಾರೋ ಒಬ್ಬರು ಆ ಸಾಫ್ಟ್‌ವೇರಿನ ಸಿ.ಡಿ.ಯ ಪ್ರತಿಯನ್ನು ಏರಿಸಿ, ಅಪ್ಪ ಇದರಲ್ಲಿ ಜಮಖಾನೆಯ ಡಿಸೈನ್ ಮಾಡುತ್ತಿದ್ದರು, ಯಾರಿಗಾದರೂ ಬೇಕಾಗಬಹುದು ಎಂದು ಬರೆದಿದ್ದರು. ಅದನ್ನು ಓದಿ ನನಗೆ ತುಸು ಹೊತ್ತು ಸಮಾಧಾನವಾಯಿತು. ಅಪರೂಪಕ್ಕೆ ಒಬ್ಬ ಕಿಲಾರಿ.

ಅದು ಕಂಪನಿ ಅಂಗಡಿಗಳಿಗೆ ಹಂಚುತ್ತಿದ್ದ ಡೆಮೊ ಪ್ರತಿ. ಬೀಗ ಕೇಳಲಿಲ್ಲ. ನನ್ನ ಫೈಲು ತೆರೆಯಿತು. ಹಂಸಗಳು ಬಂದವು. ಆದರೆ ಪರದೆಯ ನಟ್ಟನಡುವೆ, ಹಂಸಗಳ ಮೈಮೇಲೆ, ಕೆಂಪಕ್ಷರದಲ್ಲಿ ‘ಡೆಮೊ’ ಎಂಬ ಮುದ್ರೆ. ಉಳಿಸಲು ಬರುವುದಿಲ್ಲ, ಮುದ್ರಿಸಲು ಬರುವುದಿಲ್ಲ, ಕಾರ್ಡು ಹೊಡೆಯುವ ಯಂತ್ರಕ್ಕೆ ಕಳಿಸಲು ಬರುವುದಿಲ್ಲ. ಗಾಜಿನ ಪೆಟ್ಟಿಗೆಯಲ್ಲಿಟ್ಟ ಮೈಸೂರುಪಾಕು.

ಈ ಬೀಗವನ್ನೂ ಒಡೆದುಕೊಡುವವರು ಇದ್ದಾರೆ, ಕೇಳಲೇ ಎಂದ ರಿಪೇರಿಯವನು. ನಾನು ಊರಿಗೆ ಬಂದು ಮಾಮನನ್ನು ಕೇಳಿದೆ.

‘ಒಡೆಯೋದು ಅಂದ್ರೆ ಕಳ್ಳತನವಾ?’

‘ದುಡ್ಡು ಕೊಟ್ಟ ಮಾಲು ಮಾಮ. ಆದ್ರೂ ಕಂಪನಿಯೋರು ಕಳ್ಳತನ ಅಂತಾರೆ.’

‘ಅವ್ವ ಮೈಮ್ಯಾಲೆ ಹಾಕ್ಕೊಂಡು ಹೋದ ಅಂಚು ಅದು. ಬ್ಯಾಡಮ್ಮಾಯಿ.’

ಆ ರಾತ್ರಿ ನಿದ್ದೆ ಬರಲಿಲ್ಲ ಎಂದೇನೂ ಬರೆಯುವುದಿಲ್ಲ, ಚೆನ್ನಾಗಿಯೇ ಬಂತು. ಬೆಳಿಗ್ಗೆ ಹಲ್ಲುಜ್ಜುವಾಗ ಹೊಳೆಯಿತು. ಇಲ್ಲಿಯತನಕ ನಾನು ಸಾಫ್ಟ್‌ವೇರನ್ನು ಬದುಕಿಸಲು ಹೆಣಗುತ್ತಿದ್ದೆ. ಅದು ಸಾಯಲಿ. ನನಗೆ ಬೇಕಾದದ್ದು ಚುಕ್ಕಿಗಳು. ಡೆಮೊದಲ್ಲಿ ಡಿಸೈನ್ ಸರಿಯುತ್ತದೆ, ಮುದ್ರೆ ಮಾತ್ರ ಪರದೆಯ ನಡುವೆ ಇದ್ದಲ್ಲೇ ಇರುತ್ತದೆ. ಅಂದರೆ ಮುದ್ರೆಯ ಕೆಳಗಿರುವ ಹಂಸವನ್ನು ಪಕ್ಕಕ್ಕೆ ಸರಿಸಿದರೆ ಅದು ಪೂರ್ತಿ ಕಾಣುತ್ತದೆ. ಮುದ್ರೆಯ ಆಚೀಚೆ ಕಾಣುವಷ್ಟನ್ನು ಸ್ಕ್ರೀನ್‌ಶಾಟ್ ಚಿತ್ರವಾಗಿ ಹಿಡಿದು, ತುಂಡು ತುಂಡಾಗಿ ಜೋಡಿಸಿದರೆ ಯಾವ ಬೀಗವನ್ನೂ ಒಡೆದಂತಾಗುವುದಿಲ್ಲ. ಯಾರ ಕಂಪ್ಯೂಟರಿನಲ್ಲಿಯಾದರೂ ತೆರೆಯುವ ಬರಿಯ ಚಿತ್ರವಾಗಿ ಅದು ಉಳಿಯುತ್ತದೆ.

ರಿಪೇರಿಯವನು ಡೆಮೊವನ್ನು ನನ್ನ ಹಳೆಯ ಯಂತ್ರಕ್ಕೆ ಹಾಕಿಕೊಟ್ಟ. ನಾನು ತುಂಡುಗಳನ್ನು ಹಿಡಿದೆ, ಪುಕ್ಕಟೆ ಚಿತ್ರ ಬಿಡಿಸುವ ಸಾಫ್ಟ್‌ವೇರಿನಲ್ಲಿ ಜೋಡಿಸಿದೆ. ದೂರದಿಂದ ನೋಡಿದರೆ ಚೆಂದ. ಹಿಗ್ಗಿಸಿದರೆ ಹಂಸದ ಕೊಕ್ಕಿನ ಸುತ್ತ ಬೂದಿಬಣ್ಣದ ಚುಕ್ಕಿಗಳು. ಕಪ್ಪು ಎಂದರೆ ನೂಲು ಮೇಲೆ, ಬಿಳಿ ಎಂದರೆ ಕೆಳಗೆ. ಬೂದಿಬಣ್ಣದ ನೂಲು ಎಲ್ಲಿರಬೇಕು? ಮಗ್ಗದಲ್ಲಿ ಅಂಥ ಜಾಗವೇ ಇಲ್ಲ. ಮಾಡಿದ್ದನ್ನೆಲ್ಲ ಎಸೆದೆ. ಹೇಸಿಗೆಯಾಗಿ ಎರಡು ದಿನ ಕಂಪ್ಯೂಟರಿನ ಮೇಲೆ ಬಟ್ಟೆ ಮುಚ್ಚಿಟ್ಟೆ.

ಕಾರಣ ಆಮೇಲೆ ತಿಳಿಯಿತು. ಪರದೆಗೆ ಸರಿಹೊಂದಲೆಂದು ಡೆಮೊ ಡಿಸೈನನ್ನು ಎಳೆದು ತೋರಿಸುತ್ತಿತ್ತು, ಅರ್ಧ ಚುಕ್ಕಿ ಉಳಿದಲ್ಲಿ ಬೂದಿ ಬಳಿದು ಸರಿಮಾಡುತ್ತಿತ್ತು. ಎಳೆಯುವುದನ್ನು ನಿಲ್ಲಿಸಿ, ಒಂದೊಂದು ಚುಕ್ಕಿಯೂ ಸರಿಯಾದ ಚೌಕವಾಗಿ ಕಾಣುವಷ್ಟಕ್ಕೆ ಹಿಗ್ಗಿಸಿ ಮತ್ತೆ ಮೊದಲಿನಿಂದ ಹಿಡಿದೆ. ಒಂದು ತುಂಡಿನ ಕೊನೆಯ ಸಾಲು ಮುಂದಿನ ತುಂಡಿನ ಮೊದಲ ಸಾಲಿನ ಮೇಲೆ ಕೂರುವಂತೆ ನೋಡಿಕೊಂಡೆ, ಇಲ್ಲದಿದ್ದರೆ ಒಂದು ನೂಲು ಹೆಚ್ಚಾಗಿ ಇಡೀ ಅಂಚು ಸೊಟ್ಟಗಾಗುತ್ತದೆ. ಈ ಸಲ ಬೂದಿ ಇರಲಿಲ್ಲ.

ಕಾರ್ಡು ಹೊಡೆಯುವ ದೊಡ್ಡ ಯಂತ್ರ ಹಳೆಯ ಸಾಫ್ಟ್‌ವೇರಿನ ಮಾತನ್ನಷ್ಟೇ ಕೇಳುತ್ತಿತ್ತು. ಹಾಗಾಗಿ ಮೂಲೆಗೆ ಹಾಕಿದ್ದ ಕೈಯಂತ್ರವನ್ನು ಹೊರತೆಗೆದೆವು. ಬೆರಳಲ್ಲಿ ಕೀಲಿ ಒತ್ತಿ ತೂತು ಹೊಡೆಯುವ ಅದಕ್ಕೆ ನಮ್ಮಲ್ಲಿ ಪಿಯಾನೋ ಎನ್ನುತ್ತಾರೆ. ಚಿತ್ರ ಮುದ್ರಿಸಿದ ಕಾಗದದ ಮೇಲಿನ ಸಾಲುಗಳನ್ನು ಮಾಮ ಓದುವುದು, ನಾನು ಒತ್ತುವುದು.

‘ಹಂಸ ಹೊರಗೆ ಹೋಗ್ತೈತಲ್ಲ’ ಎಂದು ಅತ್ತೆ ಬಗ್ಗಿ ನೋಡಿದರು. ಕಾಗದದಲ್ಲಿ ಹಂಸಗಳು, ಉಟ್ಟಾಗ ಸೆರಗು ಬರುವ ಬದಿಗೆ ಬೆನ್ನು ಹಾಕಿ ನಡೆಯುತ್ತಿದ್ದವು.

‘ಮಗ್ಗದಾಗೆ ಸೀರೆ ಮಕಾಡೆ ಅಲ್ವೇನಕ್ಕ’ ಎಂದರು ಮಾಮ. ‘ನೇಯ್ದು ತಿರುಗಿಸಿ ಉಟ್ಟಾಗ ಸೆರಗಿನ ಕಡೆ ಬರ್ತಾವೆ. ನಮ್ಮವ್ವ ಹೇಳೋಳು, ಹಂಸ ಹೆಂಗಸಿನ ಹೆಗಲಿಗೆ ಮನೆಗೆ ಬಂದಂಗೆ ಬರ್ಬೇಕು ಅಂತ.’

ಸಂಕ್ರಾಂತಿಗೆ ಮುಂಚೆ ಕಾರ್ಡುಗಳು ಮಗ್ಗ ಏರಿದವು. ಮಾಮ ಗೇಟಿಗೆ ಹೋಗಲಿಲ್ಲ. ಹೊಲಿಸಿದ್ದ ಖಾಕಿ ಅಂಗಿ ಮಗ್ಗದ ಧೂಳು ಒರೆಸಲು ಬಂತು.

ಇಲ್ಲಿಗೆ ಮುಗಿದಿದ್ದರೆ ನಾನು ಇದನ್ನು ಬರೆಯುತ್ತಲೇ ಇರಲಿಲ್ಲ. ಬೇಸಿಗೆಯಲ್ಲಿ ಊರಿನ ಕಲ್ಯಾಣ ಮಂಟಪದಲ್ಲಿ ನೇಕಾರರಿಗೆಂದು ಒಂದು ಸಭೆ ನಡೆಯಿತು. ಹೊಸ ಸಾಫ್ಟ್‌ವೇರ್ ತೋರಿಸಲು ಅದೇ ಕಂಪನಿಯವರು ಬಂದಿದ್ದರು. ಬಂದವರಿಗೆಲ್ಲ ನೀರಿನ ಬಾಟಲಿ, ಕಂಪನಿಯ ಹೆಸರಿನ ಚೀಲ, ಉಪ್ಪಿಟ್ಟು. ಮಾಮನೂ ನಾನೂ ಹಿಂದಿನ ಸಾಲಿನಲ್ಲಿ ಕುಳಿತೆವು. ಇಸ್ತ್ರಿ ಅಂಗಿಯ ಯುವಕನೊಬ್ಬ ಗೋಡೆಯ ಮೇಲೆ ಬೆಳಕು ಬಿಟ್ಟು, ‘ನಮ್ಮ ಬಾಡಿಗೆದಾರರಿಗೆ ಉಚಿತವಾಗಿ ಪಾರಂಪರಿಕ ಡಿಸೈನ್‌ಗಳ ಭಂಡಾರ’ ಎಂದ. ಮೊದಲು ಬಂದದ್ದೇ ಹಂಸಗಳು. ಕೊಕ್ಕಿನಲ್ಲಿ ಎರಡೆಲೆಯ ಚಿಗುರು. ಅವುಗಳ ಮೈಮೇಲೆ ಅಡ್ಡಡ್ಡ ಕಂಪನಿಯ ಹೆಸರು.

ತೆರೆಯುವುದಿಲ್ಲ, ವಿಷಾದಿಸುತ್ತೇವೆ ಎಂದಿದ್ದರಲ್ಲ. ನಾನು ಎದ್ದು ಕೇಳಿದೆ. ‘ಈ ಫೈಲು ನಾನು ಕಳ್ಸಿದ್ದು. ತೆರೆಯಲ್ಲ ಅಂತ ನನಗೆ ಹೇಳಿದ್ರಿ.’

‘ಅದು ಸಪೋರ್ಟ್ ವಿಭಾಗ ಮೇಡಂ. ನಾನು ಸೇಲ್ಸ್’ ಎಂದು ನಕ್ಕ.

ಮಾಮ ಕುಳಿತಲ್ಲಿಂದಲೇ, ‘ಅಪ್ಪಾ, ನಿನ್ನ ಹಂಸ ಮನೆ ಬಿಟ್ಟು ಹೋಗ್ತಾವಲ್ಲ’ ಎಂದರು. ಫೈಲು ಮಗ್ಗಕ್ಕೆಂದು ಬಿಡಿಸಿದ್ದು, ಅವನು ಅದನ್ನೇ ಸೀರೆಯೆಂದು ತೋರಿಸುತ್ತಿದ್ದ. ಯುವಕನಿಗೆ ಮಾತು ಪೂರ್ತಿ ತಿಳಿಯದಿದ್ದರೂ ಕೈ ತೋರಿಸಿದ ದಿಕ್ಕು ತಿಳಿಯಿತು. ‘ತಿರುಗಿಸಬೇಕಾ ಸಾರ್? ಒಂದೇ ಕ್ಲಿಕ್’ ಎಂದ. ಹಂಸಗಳು ಸೆರಗಿನ ಕಡೆ ತಿರುಗಿದವು. ಸಭೆ ಚಪ್ಪಾಳೆ ತಟ್ಟಿತು. ತಟ್ಟಿದವರಲ್ಲಿ ನಮ್ಮ ಓಣಿಯವರೇ ಹೆಚ್ಚು. ಅವರಲ್ಲಿ ಒಬ್ಬರಾದರೂ ನನ್ನ ಕಡೆ ತಿರುಗಿ ನೋಡಲಿಲ್ಲ.

ಹೊರಗೆ ಬಿಸಿಲಲ್ಲಿ ನಾನು ಹಲ್ಲು ಕಚ್ಚಿಕೊಂಡು ನಡೆದೆ. ನನ್ನ ಹತ್ತಿರ ಓಣಿಯ ಮನೆಮನೆಯ ಡಿಸೈನುಗಳಿದ್ದವು, ಹಂಸದ ದಾರಿಯಲ್ಲೇ ಅವನ್ನೂ ಒಂದೊಂದಾಗಿ ಬಿಡಿಸಿ ತೆಗೆಯುತ್ತಿದ್ದೆ.

‘ಎಲ್ಲಕ್ಕೂ ಪಾಸ್‌ವರ್ಡ್ ಹಾಕ್ತೀನಿ ಮಾಮ. ಹಂಸದ ಮ್ಯಾಲೆ ನಿಮ್ಮವ್ವನ ಹೆಸರು ದೊಡ್ಡದಾಗಿ ಅಡ್ಡ ಬರೀತೀನಿ. ಯಾವ ನಾಯಿನೂ ಮುಟ್ಟಬಾರ್ದು.’

ಮಾಮ ಕಂಪನಿಯ ಚೀಲವನ್ನು ತಲೆಯ ಮೇಲೆ ಬಿಸಿಲಿಗೆ ಹಿಡಿದಿದ್ದರು. ‘ಅವನ ಬರಹ ಸಾಲ್ದು ಅಂತ ನಿಂದೂ ಒಂದಾ?’ ಎಂದರು. ಸ್ವಲ್ಪ ದೂರ ನಡೆದು, ‘ಬೀಗ ಹಾಕಿದ್ದಕ್ಕೇ ಅಲ್ವಾ ಅಮ್ಮಾಯಿ ಇಷ್ಟೆಲ್ಲ ಆಗಿದ್ದು. ನೀನು ನಾಳೆ ಸತ್ರೆ ಆ ಪಾಸ್‌ವರ್ಡ್ ನಾವು ಯಾರನ್ನ ಕೇಳೋಣ?’ ಎಂದರು.

ನನಗೆ ಕೋಪ ಬಂತು. ನಾನೂ ಆ ಕಂಪನಿಯೂ ಒಂದೇ ತಕ್ಕಡಿಯಲ್ಲಿ ಕೂತ ಹಾಗಾಯಿತಲ್ಲ. ಮನೆಗೆ ಬಂದು ನೀರು ಕುಡಿದ ಮೇಲೂ ಆ ಮಾತು ಇಳಿಯಲಿಲ್ಲ.

ಬಿಡಿಸಿ ತೆಗೆದ ಚಿತ್ರಗಳನ್ನೆಲ್ಲ ಆಯಾ ಮನೆಯವರ ಫೋನಿಗೆ ಹಾಕಿಕೊಟ್ಟೆ. ಚಪ್ಪಾಳೆ ತಟ್ಟಿದವರಿಗೂ ಕೊಟ್ಟೆ, ಮುಖ ಸಿಂಡರಿಸಿಕೊಂಡೇ ಕೊಟ್ಟೆ. ಹಂಸವನ್ನು ಮಾಮ ಕೇಳಿದವರಿಗೆಲ್ಲ ಕೊಡಿಸಿದರು. ‘ಯಾರಾದ್ರೂ ನೇಯ್ಲಿ, ಸೆರಗಿನ ಕಡೆ ನಡೆಸಿದ್ರೆ ಸಾಕು’ ಎಂದರು. ಇನ್ನೊಂದು ಪ್ರತಿ ಚಳ್ಳಕೆರೆಯ ರಿಪೇರಿಯವನ ಹತ್ತಿರ ಇದೆ. ಅವನು ಅದನ್ನು ದೇವರೆತ್ತು ಎಂದು ಹೆಸರಿಟ್ಟ ಫೋಲ್ಡರಿನಲ್ಲಿ ಇಟ್ಟಿದ್ದಾನೆ. ಅಂಗಡಿ ಇನ್ನೂ ನಾರುತ್ತದೆ.

ಈ ವರ್ಷ ಮತ್ತೆ ಆಯುಧಪೂಜೆ ಬಂತು. ಅತ್ತೆ ಬೀಗಗಳನ್ನೆಲ್ಲ ತೊಳೆದು ಮಣೆಯ ಮೇಲೆ ಜೋಡಿಸಿದರು. ಕೈಯಲ್ಲಿ ಕುಂಕುಮ ಹಚ್ಚಿದ ಅರ್ಧ ನಿಂಬೆಹಣ್ಣು ಹಿಡಿದು ಕಂಪ್ಯೂಟರಿನ ಹಿಂದೆ ತಡಕಾಡಿದರು.

‘ಇದರ ಬೀಗ ಎಲ್ಲೇ?’

‘ಇದಕ್ಕೀಗ ಬೀಗ ಇಲ್ಲ ಅತ್ತೆ.’

‘ಬಾಗಿಲು ತೆಗ್ದೇ ಇರ್ತೈತಾ?’

‘ಹೂಂ.’

ಅವರು ಆ ನಿಂಬೆಹಣ್ಣನ್ನು ಎಲ್ಲಿಡುವುದೆಂದು ತಿಳಿಯದೆ ಸುತ್ತ ನೋಡಿದರು. ಆಮೇಲೆ ಹೋಗಿ ತಲೆಬಾಗಿಲ ಹೊಸ್ತಿಲ ಮೇಲೆ ಇಟ್ಟು ಬಂದರು.